ಓಯಿಂಗಸ್‌ನ ಬೆನ್ನು ಹಿಡಿದು ನಾಲ್ಕು ದಿನ

ಮಡಿಕೇರಿ ಕೋರ್ಟಿನಲ್ಲಿ 34 ವರ್ಷ ಸಿವಿಲ್ ವಕೀಲಿಕೆ ಮಾಡಿದವನು ನಾನು. ಅದರಲ್ಲಿ ಅರ್ಧ ಆಯುಷ್ಯ ದಾರಿ ಕೇಸಿನಲ್ಲೇ ಕಳೆಯಿತು. ಕಾಫಿ ತೋಟದ ನಡುವೆ ಇವರು ಓಡಾಡುವ ದಾರಿ, ಅದಕ್ಕೆ ಅವರು ಹಾಕಿದ ಗೇಟು, ಗೇಟಿಗೊಂದು ಬೀಗ. ಆಮೇಲೆ ಹತ್ತು ವರ್ಷ ವಾಯಿದೆ. ಇದಕ್ಕೆಲ್ಲ ಆಧಾರ 1882ರ ಈಸ್‌ಮೆಂಟ್ಸ್ ಆಕ್ಟ್, ಅಂದರೆ ಇನ್ನೊಬ್ಬರ ಜಮೀನಿನಲ್ಲಿ ದಾರಿ, ನೀರಿನಂಥ ಹಕ್ಕುಗಳ ಕಾಯ್ದೆ. ಮದ್ರಾಸು, ಮಧ್ಯ ಪ್ರಾಂತ್ಯಗಳ ಜೊತೆಗೆ ನಮ್ಮ ಕೊಡಗಿನ ಹೆಸರೂ ಅದರ ಮೊದಲ ಕಲಮಿನಲ್ಲೇ ಬರುತ್ತದೆ. ಅದನ್ನು ಬರೆದವರು ಯಾರು ಅಂತ ಕೆಲಸದಲ್ಲಿ ಇದ್ದಷ್ಟು ದಿನ ಒಮ್ಮೆಯೂ ಯೋಚಿಸಿದವನಲ್ಲ.

ನಿವೃತ್ತನಾದ ಮೇಲೆ ಒಂದು ಮಳೆಗಾಲದ ಸಂಜೆ ಸುಮ್ನೆ ಹುಡುಕಿದೆ. ವಿಟ್ಲಿ ಸ್ಟೋಕ್ಸ್ ಅಂತ ಹೆಸರು ಸಿಕ್ಕಿತು. 1830ರಲ್ಲಿ ಡಬ್ಲಿನ್‌ನಲ್ಲಿ ಹುಟ್ಟಿದವರು. 1862ರಲ್ಲಿ ಮದ್ರಾಸಿಗೆ ಬಂದರು, 1877ರಿಂದ 1882ರವರೆಗೆ ವೈಸರಾಯ್ ಕೌನ್ಸಿಲಿನಲ್ಲಿ ಕಾನೂನು ಸದಸ್ಯರಾಗಿದ್ದರು. ಆಸ್ತಿ ವರ್ಗಾವಣೆ, ಟ್ರಸ್ಟು, ಈಸ್‌ಮೆಂಟು, ಹೀಗೆ ನಾವು ದಿನಾ ತಿರುವಿ ಹಾಕುವ ಕಾಯ್ದೆಗಳ ಕರಡೆಲ್ಲ ಇವರದು. ಇಷ್ಟೇ ಆಗಿದ್ದರೆ ಓದಿ ಮಲಗುತ್ತಿದ್ದೆ. ಮುಂದಿನ ಸಾಲು ನಿದ್ದೆ ಕೆಡಿಸಿತು. ಕಾಯ್ದೆ ಬರೆದು ಉಳಿದ ಹೊತ್ತಿನಲ್ಲಿ ಈ ಮನುಷ್ಯ ಹಳೆಯ ಐರಿಷ್ ಹಸ್ತಪ್ರತಿಗಳನ್ನು ಓದುತ್ತಿದ್ದರು. ಭಾರತದ ಕೆಲಸದಲ್ಲಿ ಇರುವಾಗಲೇ, 1880ರಲ್ಲಿ, ಸಾವಿರ ವರ್ಷ ಹಿಂದಿನ ಒಬ್ಬ ಸನ್ಯಾಸಿಯ ಕಾವ್ಯವನ್ನು ಇಂಗ್ಲಿಷ್ ಅನುವಾದದ ಜೊತೆ ಡಬ್ಲಿನ್‌ನಲ್ಲಿ ಅಚ್ಚು ಮಾಡಿಸಿದರು. ಕಾವ್ಯದ ಹೆಸರು ಫೇಲಿರೆ, ಸಂತರ ದಿನಗಳ ಪಂಚಾಂಗ ಅನ್ನಬಹುದು. ಕವಿಯ ಹೆಸರು ಓಯಿಂಗಸ್.

ಮಗಳು ಡಬ್ಲಿನ್‌ನಲ್ಲಿ ಕೆಲಸದಲ್ಲಿದ್ದಾಳೆ. ಬನ್ನಿ ಬನ್ನಿ ಅಂತ ಎರಡು ವರ್ಷದಿಂದ ಕರೆಯುತ್ತಿದ್ದಳು. ಹೋಗುವುದಾದರೆ ಓಯಿಂಗಸ್‌ನ ಊರುಗಳನ್ನು ನೋಡಬೇಕು ಅಂದೆ. "ಎಲ್ಲರೂ ಸಮುದ್ರ, ಅರಮನೆ ಅಂತಾರೆ. ಇವರಿಗೆ ಸನ್ಯಾಸಿ ಬೇಕಂತೆ," ಅಂತ ನನ್ನ ಹೆಂಡತಿ ಫೋನಿನಲ್ಲೇ ಮಗಳಿಗೆ ದೂರು ಕೊಟ್ಟಳು.

ಮೊದಲ ದಿನ, ಜುಲೈ 6: ಡಬ್ಲಿನ್

ಡಾಸನ್ ಸ್ಟ್ರೀಟಿನ 19ನೇ ನಂಬರಿನ ಕಟ್ಟಡ ರಾಯಲ್ ಐರಿಷ್ ಅಕಾಡೆಮಿ. ಪಕ್ಕದಲ್ಲೇ ಅಂಗಡಿ, ಕಾಫಿ ಹೋಟೆಲು, ಟ್ರಾಮಿನ ಗಂಟೆ. ಒಳಗೆ ಹೋದರೆ ಹಳೆಯ ಲೈಬ್ರರಿಯ ಮೌನ. ಇಲ್ಲಿ ಲ್ಯಾವರ್ ಬ್ರ್ಯಾಕ್ ಇದೆ. ಚುಕ್ಕೆ ಪುಸ್ತಕ ಅಂತ ಅರ್ಥ. 1408ರಿಂದ 1411ರ ಹೊತ್ತಿಗೆ ಮುರೊಹು ಓ ಕುಂಡ್ಲಿಸ್ ಎಂಬ ಲಿಪಿಕಾರ ಬರೆದ ದೊಡ್ಡ ಗ್ರಂಥ. ಫೇಲಿರೆಯ ಹೆಸರಾಂತ ಪ್ರತಿಗಳಲ್ಲಿ ಇದೂ ಒಂದು. ಮೂಲವನ್ನು ಕೈಗೆ ಕೊಡಿ ಅಂತ ಕೇಳುವ ಧೈರ್ಯ ನನಗಿರಲಿಲ್ಲ. ಅದರ ಪುಟಗಳ ಚಿತ್ರಗಳೆಲ್ಲ ಇಂಟರ್‌ನೆಟ್ಟಿನಲ್ಲಿವೆ. ಹಿಂದಿನ ರಾತ್ರಿಯೇ ಮಗಳ ಲ್ಯಾಪ್‌ಟಾಪಿನಲ್ಲಿ ದೊಡ್ಡದು ಮಾಡಿ ಮಾಡಿ ನೋಡಿದ್ದೆ.

ಆ ಪುಟ ನೋಡಿದ ಕೂಡಲೇ ನನಗೆ ಹಳೆಯ ಕೇಸ್ ಕಟ್ಟು ನೆನಪಾಯಿತು. ಪದ್ಯ ದಪ್ಪ ಅಕ್ಷರದಲ್ಲಿದೆ. ಸಾಲಿನ ನಡುವೆ, ಅಂಚಿನಲ್ಲಿ, ಕೆಳಗೆ, ಎಲ್ಲೆಲ್ಲಿ ಜಾಗ ಉಂಟೋ ಅಲ್ಲೆಲ್ಲ ಇರುವೆ ಸಾಲಿನಂತೆ ಸಣ್ಣ ಅಕ್ಷರದ ಟಿಪ್ಪಣಿ. ಈ ಸಂತ ಯಾರು, ಎಲ್ಲಿಯವನು, ಅವನ ತಾಯಿ ಏನಂದಳು, ಹೀಗೆ. ಓಯಿಂಗಸ್‌ನ ಬಗ್ಗೆ ಈಗ ಹೇಳುವ ಕಥೆಗಳಲ್ಲಿ ಎಷ್ಟೋ ಬಂದದ್ದು ಇಂಥ ಟಿಪ್ಪಣಿಗಳಿಂದ. ಕಥೆಯನ್ನು ಸಾಕ್ಷ್ಯ ಅಂತ ತಗೊಳ್ಳುವ ಹಾಗಿಲ್ಲ. ಹಾಗಂತ ಬಿಡುವುದಕ್ಕೂ ಮನಸ್ಸು ಬರುವುದಿಲ್ಲ.

ಕಾವ್ಯದ ಕಟ್ಟು ಸರಳ. ವರ್ಷಕ್ಕೆ 365 ದಿನ, ದಿನಕ್ಕೊಂದು ನಾಲ್ಕು ಸಾಲಿನ ಪದ್ಯ. ಆ ದಿನ ಯಾರನ್ನು ನೆನೆಯಬೇಕೋ ಆ ಸಂತರ ಹೆಸರು ಅದರೊಳಗೆ. ಮುಂದೊಂದು ಉದ್ದದ ಪೀಠಿಕೆ, ಹಿಂದೊಂದು ಇನ್ನೂ ಉದ್ದದ ಮುಕ್ತಾಯ. ಎಲ್ಲ ಸೇರಿ 590ರ ಹತ್ತಿರ ಪದ್ಯಗಳು. ಸಾಲಿಗೆ ಆರೇ ಆರು ಉಚ್ಚಾರ, ಪ್ರತಿ ಸಾಲೂ ಎರಡು ಉಚ್ಚಾರದ ಪದದಲ್ಲಿ ಮುಗಿಯಬೇಕು. ನಮ್ಮ ಹಳೆಯ ಕವಿಗಳು ಪ್ರಾಸವನ್ನು ಸಾಲಿನ ತಲೆಯಲ್ಲಿ ಇಟ್ಟರೆ ಇವರು ಬಾಲದಲ್ಲಿ ಇಟ್ಟಿದ್ದಾರೆ. ಆರು ಉಚ್ಚಾರದೊಳಗೆ ಗ್ರೀಕ್, ಲ್ಯಾಟಿನ್, ಆಫ್ರಿಕದ ಹೆಸರುಗಳನ್ನೆಲ್ಲ ತುರುಕುವುದು ಅಂದರೆ ಸುಮ್ನೆ ಅಲ್ಲ. ಕೆಲವು ಪದ್ಯಗಳು ಬರೀ ಪಟ್ಟಿಯಾಗಿಬಿಟ್ಟಿವೆ, ಅದನ್ನೂ ಹೇಳಬೇಕಲ್ಲ. ಆದರೆ ಐರ್ಲೆಂಡಿನ ದೊಡ್ಡ ಸಂತರಾದ ಫೆಬ್ರವರಿ 1ರ ಬ್ರಿಜಿತ್, ಮಾರ್ಚ್ 17ರ ಪ್ಯಾಟ್ರಿಕ್ ಬಂದಾಗ ಪದ್ಯ ಎದ್ದು ನಿಲ್ಲುತ್ತದೆ. "ಹೊಳೆವ ಸೂರ್ಯನ ಉರಿ" ಅಂತ ಪ್ಯಾಟ್ರಿಕ್‌ನನ್ನು ಕರೆದು, ನಮ್ಮ ದೈನ್ಯಕ್ಕೆ ಅವನೇ ಮರೆಯಾಗಲಿ ಅಂತ ಮುಗಿಸುತ್ತಾನೆ.

ಇದು ಬರೆದದ್ದು ಯಾವಾಗ ಅನ್ನುವುದಕ್ಕೆ ಪಂಡಿತರಲ್ಲಿ ವ್ಯಾಜ್ಯ ಇದೆ. ಸುಮಾರು 800ನೇ ಇಸವಿ ಅಂತ ಒಂದು ಪಕ್ಷ, 830ರ ಆಸುಪಾಸು ಅಂತ ಇನ್ನೊಂದು. ನಮ್ಮ ಕವಿರಾಜಮಾರ್ಗಕ್ಕೆ ಸ್ವಲ್ಪ ಮುಂಚೆ ಅಂದುಕೊಂಡರೆ ಸಾಕು.

ಎರಡನೇ ದಿನ, ಜುಲೈ 7: ಟಾಲಾ

ಬರೆಯುವುದು ಟಲ್ಲಾಗ್ಟ್ ಅನ್ನುವ ಹಾಗೆ, ಕರೆಯುವುದು ಟಾಲಾ. ಡಬ್ಲಿನ್ ಮಧ್ಯದಿಂದ ಕೆಂಪು ಲೈನಿನ ಟ್ರಾಮು ಹತ್ತಿದರೆ ಕೊನೆಯ ಸ್ಟಾಪು. ಇಳಿದರೆ ಕಾಣುವುದು ಶಾಪಿಂಗ್ ಮಾಲು, ಆಸ್ಪತ್ರೆ, ಸಾಲು ಮನೆಗಳು. "ಇಲ್ಲಿ ಮಠ ಎಲ್ಲಿಂದ ಬಂತು?" ಅಂದಳು ನನ್ನಾಕೆ. ಹಳೆಯ ಊರು ಹಿಂದಿನ ಬೀದಿಯಲ್ಲಿ ಅಡಗಿ ಕೂತಿದೆ.

ಬೇಕೆಂದೇ ಈ ದಿನ ಆರಿಸಿಕೊಂಡಿದ್ದೆ. ಜುಲೈ 7 ಮೇಲ್ ರುವನ್‌ನ ದಿನ. ಎಂಟನೇ ಶತಮಾನದಲ್ಲಿ ಟಾಲಾ ಮಠ ಕಟ್ಟಿದವನು, 792ರಲ್ಲಿ ತೀರಿಕೊಂಡವನು, ಓಯಿಂಗಸ್‌ನ ಗುರು. ಇವರ ಪಂಗಡಕ್ಕೆ ಕೇಲೆ ದೇ ಅಂತ ಹೆಸರು. ಕೇಲೆ ಅಂದರೆ ಒಡೆಯನಿಗೆ ನಡೆದುಕೊಳ್ಳುವವನು, ಸಂಗಾತಿ ಅಂತಲೂ ಆಗುತ್ತದೆ. ಇಂಗ್ಲಿಷಿನವರು ಇದಕ್ಕೆ ಪದ ಹುಡುಕಿ ಒದ್ದಾಡುತ್ತಾರೆ. ನಮಗೆ ಕಷ್ಟವೇ ಇಲ್ಲ, ದೇವರ ಒಕ್ಕಲು ಅಂದರೆ ಮುಗಿಯಿತು.

ಒಕ್ಕಲುತನ ಮಾತ್ರ ಬಹಳ ಬಿಗಿ. ಮೇಲ್ ರುವನ್ ಮಠದೊಳಗೆ ಬಿಯರ್ ಬಿಡುತ್ತಿರಲಿಲ್ಲ. ಹತ್ತಿರದ ಫಿಂಗ್ಲಾಸ್ ಮಠದ ದುಬ್ಲಿತಿರ್ ಬಂದು, ಹಬ್ಬದ ದಿನವಾದರೂ ಸ್ವಲ್ಪ ಕೊಡಪ್ಪ ಅಂದನಂತೆ. ದೇವರನ್ನು ಮರೆಸುವ ಪಾನ ಇಲ್ಲಿ ಬೇಡ ಅಂದ ಇವನು. ನನ್ನ ಹುಡುಗರು ಕುಡಿಯುತ್ತಾರೆ, ನಿನ್ನವರ ಜೊತೆ ಅವರೂ ಸ್ವರ್ಗದಲ್ಲೇ ಇರುತ್ತಾರೆ ಅಂದ ಅವನು. ಇನ್ನೊಂದು ಸಲ ಕೊಳಲು ನುಡಿಸುವ ಸಾಧುವೊಬ್ಬ ನಿಮಗೆ ನುಡಿಸಿ ತೋರಿಸುತ್ತೇನೆ ಅಂತ ಹೇಳಿ ಕಳಿಸಿದ. ಸ್ವರ್ಗದ ಸಂಗೀತ ಕೇಳುವವರೆಗೆ ಈ ಕಿವಿ ನೆಲದ ಸಂಗೀತಕ್ಕೆ ಇಲ್ಲ ಅಂತ ಉತ್ತರ ಹೋಯಿತು. ನನಗೆ ಈ ಗುರುವಿಗಿಂತ ಆ ದುಬ್ಲಿತಿರ್ ಇಷ್ಟವಾದ, ನಿಜ ಹೇಳುತ್ತೇನೆ. ಕಾಲವೂ ಅವನ ಕಡೆಗೇ ತೀರ್ಪು ಕೊಟ್ಟಿತು ಅನ್ನಿ. ಮುಂದೆ ಇದೇ ಜುಲೈ 7ಕ್ಕೆ ಟಾಲಾದಲ್ಲಿ ಮೇಲ್ ರುವನ್‌ನ ಗೊಂಬೆ ಹೊತ್ತು ಮನೆ ಮನೆಗೆ ಹೋಗಿ ಕುಣಿದು ಕುಡಿಯುವ ಜಾತ್ರೆ ಬೆಳೆಯಿತು. ಕುಡಿತ ಅತಿಯಾಗಿ 1874ರಲ್ಲಿ ಡೊಮಿನಿಕನ್ ಪಾದ್ರಿಗಳು ಅದನ್ನು ನಿಲ್ಲಿಸಬೇಕಾಯಿತು!

ಈಗಿನ ಸೇಂಟ್ ಮೇಲ್ ರುವನ್ ಚರ್ಚು 1829ರದ್ದು. ಪಕ್ಕದಲ್ಲಿ ಅದಕ್ಕಿಂತ ಹಳೆಯ ಚರ್ಚಿನ ಗೋಪುರ ಒಂದೇ ನಿಂತಿದೆ. ಗೋರಿಗಳ ನಡುವೆ, ಹುಲ್ಲಿನಲ್ಲಿ, ಕುದುರೆ ಲಾಳದ ಆಕಾರದ ಒಂದು ದೊಡ್ಡ ಗ್ರಾನೈಟು ಕಲ್ಲು. ನಡುವೆ ಕೊರೆದ ಗುಂಡಿ. ಊರವರು ಇದಕ್ಕೆ ಲಾಸೆಟ್ ಅನ್ನುತ್ತಾರೆ, ಹಿಟ್ಟು ನಾದುವ ಮರಿಗೆ ಅಂತ ಅರ್ಥ. ರಾತ್ರಿಯ ಮಳೆ ನೀರು ಗುಂಡಿಯಲ್ಲಿ ಎರಡು ಬೆರಳಿನಷ್ಟು ನಿಂತಿತ್ತು. ಒಂದು ಒಣಗಿದ ಎಲೆ ತೇಲುತ್ತಿತ್ತು. ನನ್ನಾಕೆ ಬಗ್ಗಿ ಅಂಚು ಸವರಿ, "ನಮ್ಮಜ್ಜಿಯ ಒರಳಿನ ಹಾಗಿದೆ, ಇಲ್ಲಿ ನೋಡಿ ಎಷ್ಟು ಸವೆದಿದೆ," ಅಂದಳು. ಅಂಚಿನಲ್ಲಿ ಕೈಗೆ ಸಿಗುವಷ್ಟು ನುಣುಪು.

ಓಯಿಂಗಸ್ ಇಲ್ಲಿಗೆ ಬಂದದ್ದು ವೇಷ ಮರೆಸಿಕೊಂಡು ಅನ್ನುವುದು ಕಥೆ. ಆಗಲೇ ಹೆಸರು ಮಾಡಿದ್ದ. ಹೊಗಳಿಕೆ ಕಾಟ ತಪ್ಪಲಿ ಅಂತ ಓದುಬರಹ ಬಾರದ ಆಳಿನಂತೆ ಬಂದು ಸೇರಿದ. ಏಳು ವರ್ಷ ಧಾನ್ಯ ಒಣಗಿಸುವ ಗೂಡಿನಲ್ಲಿ, ಬೀಸುವ ಕಡೆ ಕೆಲಸ. ಒಂದು ದಿನ ಪಾಠ ಬಾಯಿಗೆ ಬಾರದ ಹುಡುಗನೊಬ್ಬ ಗುರುವಿಗೆ ಹೆದರಿ ಕಣಜದಲ್ಲಿ ಬಂದು ಅವಿತುಕೊಂಡ. ಓಯಿಂಗಸ್ ಅವನನ್ನು ಮಡಿಲಲ್ಲಿ ಮಲಗಿಸಿಕೊಂಡ. ಎದ್ದಾಗ ಹುಡುಗನಿಗೆ ಪಾಠ ಪೂರ್ತಿ ಬರುತ್ತಿತ್ತು. ಮೇಲ್ ರುವನ್ ಹುಡುಗನ ಬಾಯಿ ಬಿಡಿಸಿ, ಓಡಿ ಬಂದು ಆಳನ್ನು ಅಪ್ಪಿಕೊಂಡ. ಇಷ್ಟು ವರ್ಷ ನನ್ನಿಂದ ಯಾಕೆ ಬಚ್ಚಿಟ್ಟೆ ಅಂತ ಗದರಿದ.

ಮಗಳ ಫೋನಿನಲ್ಲಿ ಪೀಠಿಕೆಯ ಪದ್ಯ ತೆಗೆಸಿ ಅಲ್ಲೇ ಓದಿದೆ. ದೊರೆ ಡೊನ್ನಹದ್, ದೊರೆ ಬ್ರಾನ್ ಇಬ್ಬರ ಹೆಸರೂ ಹೇಳುತ್ತಾನೆ. ಇಬ್ಬರೂ ಅಷ್ಟರಲ್ಲಿ ಸತ್ತವರು, ಬ್ರಾನ್ 795ರಲ್ಲಿ, ಡೊನ್ನಹದ್ 797ರಲ್ಲಿ. ಅವರ ಗೋರಿಗೆ ಹೋಗಿ ಬಂದರೂ ನನ್ನ ದಣಿವು ಇಳಿಯುವುದಿಲ್ಲ ಅನ್ನುತ್ತಾನೆ. ಆಮೇಲೆ ಗುರುವಿನ ಮಾತು ಬರುತ್ತದೆ. ಮೀಡ್ ನಾಡಿನ ತೆಂಕಣ ಬಯಲಿನ ದೊಡ್ಡ ಸೂರ್ಯ ಮೇಲ್ ರುವನ್, ಅವನ ಗೋರಿಯ ಬಳಿ ಯಾವ ಎದೆಯ ನಿಟ್ಟುಸಿರೂ ವಾಸಿಯಾಗುತ್ತದೆ. 'ಕ್ನೆಟ್ ಕೆಖ್ ಕ್ರಿದೆ', ಒಂದೊಂದು ಎದೆಯ ನಿಟ್ಟುಸಿರು. ಸತ್ತ ಅರಸರನ್ನು ಹೆಸರಿಟ್ಟು ತಳ್ಳಿಹಾಕುವುದಕ್ಕೆ ಸ್ವಲ್ಪ ಎದೆ ಬೇಕು. ಅವರ ಮಕ್ಕಳು, ಅಣ್ಣತಮ್ಮಂದಿರು ಇನ್ನೂ ಇದ್ದರಲ್ಲ.

ಆ ಗೋರಿ ಈಗ ಎಲ್ಲಿದೆ ಅನ್ನುವುದಕ್ಕೆ ಗುರುತಿಲ್ಲ. ಡೊಮಿನಿಕನ್ನರ ತೋಟದಲ್ಲಿ ಮೇಲ್ ರುವನ್‌ನ ಮರ ಅಂತ ಒಂದು ಅಕ್ರೋಟಿನ ಮರ ಉಂಟು. 1795ರ ಬಿರುಗಾಳಿಗೆ ಎರಡಾಗಿ ಸೀಳಿತಂತೆ, ಆಮೇಲೂ ಕಾಯಿ ಬಿಡುವುದನ್ನು ನಿಲ್ಲಿಸಲಿಲ್ಲವಂತೆ.

ಮೂರನೇ ದಿನ: ಲೀಶ್ ಜಿಲ್ಲೆ

ಈ ದಿನ ಕಾರು ಬಾಡಿಗೆಗೆ ತೆಗೆದುಕೊಂಡೆವು. ಡಬ್ಲಿನ್‌ನಿಂದ ನೈರುತ್ಯಕ್ಕೆ ದೊಡ್ಡ ರಸ್ತೆ. ಪೋರ್ಟ್‌ಲೀಶ್ ದಾಟಿ ಹಳೆಯ ರಸ್ತೆಗೆ ಇಳಿದ ಮೇಲೆ ಕಾರು ಒಂದು ಕಡೆ ವಾಲತೊಡಗಿತು. ಟೈರು ಪಂಕ್ಚರ್. ಡಿಕ್ಕಿ ತೆಗೆದರೆ ಸ್ಟೆಪ್ನಿಯೇ ಇಲ್ಲ! ಅದರ ಬದಲು ಅಂಟಿನ ಡಬ್ಬಿ, ಪುಟ್ಟ ಪಂಪು. ಬಾಡಿಗೆ ಕೊಟ್ಟವರಿಗೆ ಫೋನ್ ಮಾಡಿದರೆ ಹಾಡು ಕೇಳಿಸುತ್ತಾ ಇಪ್ಪತ್ತು ನಿಮಿಷ ಇಟ್ಟರು. ಕೊನೆಗೆ ಟ್ರ್ಯಾಕ್ಟರಿನಲ್ಲಿ ಹೋಗುತ್ತಿದ್ದ ರೈತರೊಬ್ಬರು ಇಳಿದು ಬಂದು ಅಂಟು ತುಂಬಿಸಿಕೊಟ್ಟರು. ಎಲ್ಲಿಗೆ ಹೊರಟಿದ್ದೀರಿ ಅಂದರು. ಕ್ಲೊನೆನಾ ಅಂದೆವು. ಅಲ್ಲಿ ನೋಡುವುದಕ್ಕೆ ಏನಿದೆ ಅಂತ ಅವರಿಗೆ ಆಶ್ಚರ್ಯ.

ಅವರ ಮಾತು ತಪ್ಪೇನಲ್ಲ. ಕ್ಲೊನೆನಾ ಅಂದರೆ ಮೌಂಟ್‌ರಾತ್ ಊರಿಗೆ ಸ್ವಲ್ಪ ಮುಂಚೆ ರಸ್ತೆ ಬದಿಯ ಸ್ಮಶಾನ, ಹುಲ್ಲು ಮುಚ್ಚಿದ ದಿಬ್ಬ, ಒಂದು ಮರ. ಅಷ್ಟೇ. ಫಿಂಟನ್ ಎಂಬ ಸಂತ ಆರನೇ ಶತಮಾನದಲ್ಲಿ ಇಲ್ಲಿ ಮಠ ಮಾಡಿದ. ಹೆಸರಿನ ಅರ್ಥ ಐವಿ ಬಳ್ಳಿಯ ಹುಲ್ಲುಗಾವಲು. ಓಯಿಂಗಸ್ ತೀರಿಹೋದ ಮೇಲೆ ಯಾರೋ ಬರೆದ ಪದ್ಯವೊಂದು ಲ್ಯಾವರ್ ಬ್ರ್ಯಾಕ್‌ನಲ್ಲಿದೆ. ಕ್ಲೊನೆನಾದಲ್ಲಿ ಬೆಳೆದ, ಕ್ಲೊನೆನಾದಲ್ಲೇ ಅವನ ಗೋರಿ, ಶಿಲುಬೆಗಳು ತುಂಬಿದ ಕ್ಲೊನೆನಾದಲ್ಲಿ ಮೊದಲು ಬೈಬಲಿನ ಕೀರ್ತನೆ ಓದಿದ ಅನ್ನುತ್ತದೆ ಅದು. ಒಂದೇ ಊರಿನ ಹೆಸರು ಮೂರು ಸಲ. ಶಿಲುಬೆ ತುಂಬಿದ ಊರಿನಲ್ಲಿ ಈಗ ನಮಗೆ ಸಿಕ್ಕಿದ್ದು ಗೋರಿಗಳ ಮೇಲಿನ ಶಿಲುಬೆ ಮಾತ್ರ. ಹನಿ ಬೀಳುತ್ತಿತ್ತು. ನಮ್ಮೂರಿನ ಜುಲೈ ಮಳೆ ನೋಡಿದವರಿಗೆ ಅದು ಮಳೆಯೇ ಅಲ್ಲ, ಕೊಡೆ ಬಿಚ್ಚಲೂ ಇಲ್ಲ.

ಆ ಮರದ ಕಥೆ ಹೇಳಲೇಬೇಕು. ಅದು ಸಿಕಮೋರ್. ಹಿಂದೆ ಇಲ್ಲೊಂದು ಪುಣ್ಯದ ಬಾವಿ ಇತ್ತು. ಜನ ಬರುವುದು ಜಾಸ್ತಿಯಾಯಿತು ಅಂತ ಜಮೀನಿನವರು ಬಾವಿ ಮುಚ್ಚಿಸಿದರಂತೆ. ನೀರು ಈ ಮರದ ಪೊಟರೆಯಲ್ಲಿ ಕಾಣಿಸಿಕೊಂಡಿತಂತೆ. ಬಾವಿ ಮುಚ್ಚಿದ ವ್ಯಾಜ್ಯ ಎಷ್ಟೋ ನಡೆಸಿದ್ದೇನೆ, ಇಂಥ ತೀರ್ಪು ಎಲ್ಲೂ ಬಂದಿಲ್ಲ. ಜನ ಹರಕೆ ಹೊತ್ತು ಮರಕ್ಕೆ ನಾಣ್ಯ ಹೊಡೆಯತೊಡಗಿದರು. ತಾಮ್ರದ ನಾಣ್ಯ, ಒಂದರ ಪಕ್ಕ ಒಂದು. ಆ ತಾಮ್ರವೇ ಮರಕ್ಕೆ ವಿಷವಾಗಿ 1994ರಲ್ಲಿ ಬಿದ್ದುಹೋಯಿತು. ಬುಡದಿಂದ ಮತ್ತೆ ಚಿಗುರಿದೆ. ಹತ್ತಿರ ಹೋಗಿ ನೋಡಿದರೆ ಸತ್ತ ಕಾಂಡದ ಬಿರುಕಿನಲ್ಲಿ ನಾಣ್ಯಗಳ ಅಂಚು ಈಗಲೂ ಕಾಣುತ್ತದೆ. ಮಡಚಿಕೊಂಡು, ಹಸಿರು ಬಣ್ಣಕ್ಕೆ ತಿರುಗಿ, ಮೀನಿನ ಹುರುಪೆಯ ಹಾಗೆ. ನಮ್ಮಲ್ಲಿ ಅರಳಿಮರಕ್ಕೆ ದಾರ ಸುತ್ತುತ್ತಾರೆ, ಮರ ಹೇಗೋ ತಡೆದುಕೊಳ್ಳುತ್ತದೆ. ಮಗಳು ಪರ್ಸಿಗೆ ಕೈ ಹಾಕಿದಳು. ಬೇಡ ಅಂದೆ.

ಇದರ ಹತ್ತಿರವೇ ಎಲ್ಲೋ ಓಯಿಂಗಸ್ ಒಂಟಿಯಾಗಿ ಇದ್ದ ಗುಡಿಸಲು ಇತ್ತು. ದಿನಕ್ಕೆ 300 ಸಲ ಮೊಣಕಾಲೂರುತ್ತಿದ್ದನಂತೆ. 150 ಕೀರ್ತನೆಗಳನ್ನು ಮೂರು ಪಾಲು ಮಾಡಿ 50 ಗುಡಿಸಲಿನಲ್ಲಿ, 50 ಮರದ ಕೆಳಗೆ, ಇನ್ನು 50 ತಣ್ಣೀರಿನ ತೊಟ್ಟಿಯಲ್ಲಿ, ಕುತ್ತಿಗೆಗೆ ಹಗ್ಗ ಕಟ್ಟಿ ಗೂಟಕ್ಕೆ ಬಿಗಿದುಕೊಂಡು. ಮಗಳು ಇದನ್ನು ಕೇಳಿ "ಅಪ್ಪ, ಅವರಿಗೆ ಯಾರೂ ಮನೆಯವರು ಇರಲಿಲ್ವಾ?" ಅಂದಳು.

ಕಾವ್ಯ ಹುಟ್ಟಿದ ಜಾಗ ಕೂಲ್‌ಬ್ಯಾನಹರ್. ಪೋರ್ಟ್‌ಲೀಶ್‌ನಿಂದ ಡಬ್ಲಿನ್ ಕಡೆಗೆ ವಾಪಸು ಬರಬೇಕು. ಅಲ್ಲಿನ ಸ್ಮಶಾನದ ಒಂದು ಗೋರಿಯ ಮೇಲೆ ದೇವತೆಗಳು ಹತ್ತಿ ಇಳಿಯುವುದನ್ನು ಓಯಿಂಗಸ್ ಕಂಡ. ಯಾರ ಗೋರಿ ಅಂತ ಪಾದ್ರಿಯನ್ನು ಕೇಳಿದ. ಒಬ್ಬ ಮುದುಕ ಸಿಪಾಯಿಯದು, ಅಂಥ ಪುಣ್ಯವೇನೂ ಮಾಡಿದವನಲ್ಲ. ಮಲಗುವಾಗ, ಏಳುವಾಗ ನೆನಪಿದ್ದಷ್ಟು ಸಂತರ ಹೆಸರು ಹೇಳುತ್ತಿದ್ದ, ಅಷ್ಟೇ. ಹೆಸರು ಹೇಳಿದ್ದಕ್ಕೇ ಇಷ್ಟಾದರೆ ವರ್ಷ ಪೂರ್ತಿ ಹಾಡಿದರೆ ಎಷ್ಟಾಗಬೇಡ ಅಂತ ಓಯಿಂಗಸ್ ಅಲ್ಲೇ ಶುರು ಮಾಡಿದ. ಹೆಚ್ಚಿನ ಭಾಗ ಕ್ಲೊನೆನಾದಲ್ಲಿ ಮಾಡಿ ಟಾಲಾದಲ್ಲಿ ಮುಗಿಸಿದನಂತೆ. ಮೂರು ಊರಿಗೂ ಪಾಲು ಸಿಕ್ಕಿತು. ಪಟ್ಟಿ ಅಂತ ಮೊದಲ ದಿನ ಮೂಗು ಮುರಿದಿದ್ದೆನಲ್ಲ, ಆ ಸಿಪಾಯಿಗೆ ಪಟ್ಟಿಯೇ ಬೇಕಾಗಿತ್ತು.

ಈಗಿನ ಚರ್ಚು 1785ರಲ್ಲಿ ಜೇಮ್ಸ್ ಗ್ಯಾಂಡನ್ ಕಟ್ಟಿದ್ದು, ಡಬ್ಲಿನ್‌ನ ಕಸ್ಟಮ್ ಹೌಸ್ ಕಟ್ಟಿದವರೇ. ಒಳಗೆ ಹಳೆಯ ಚರ್ಚಿನಿಂದ ತಂದ ಮಧ್ಯಕಾಲದ ದೀಕ್ಷಾಸ್ನಾನದ ಕಲ್ಲುತೊಟ್ಟಿ ಇದೆ. ಪಂಕ್ಚರಿನಿಂದಾಗಿ ನಾವು ಮುಟ್ಟಿದಾಗ ಸಂಜೆ. ಬಾಗಿಲಿಗೆ ಬೀಗ. ಬೀಗ ನೋಡಿ ನೋಡಿ ಅಭ್ಯಾಸವಾದವನು ನಾನು, ಬೇಸರವಾಗಲಿಲ್ಲ. ಮೆಟ್ಟಿಲ ಮೇಲೆ ಕೂತು ಬೆಳಿಗ್ಗೆ ಕಟ್ಟಿಕೊಂಡ ಚಪಾತಿ, ನಿಂಬೆ ಉಪ್ಪಿನಕಾಯಿ ತಿಂದೆವು.

ನಾಲ್ಕನೇ ದಿನ: ಕಿಲ್ಡೇರ್, ಡೂನ್ ಆಲಿನ್ಯ

ಪೀಠಿಕೆಯಲ್ಲಿ ನನಗೆ ತುಂಬಾ ಹಿಡಿಸಿದ ಭಾಗ ಒಂದಿದೆ. ಅಲ್ಲಿ ಓಯಿಂಗಸ್ ಅರಸರ ಕೋಟೆ ಒಂದನ್ನು, ಸಂತರ ಊರು ಒಂದನ್ನು ತಂದು ತಂದು ಎದುರಿಗೆ ನಿಲ್ಲಿಸುತ್ತಾನೆ. ತಾರಾ ಕೋಟೆ ದೊರೆಗಳ ಜೊತೆಗೇ ಸತ್ತಿತು, ಅರ್ಮಾ ನಿಂತಿದೆ. ಎಮನ್ ಕೋಟೆಯಲ್ಲಿ ಕಲ್ಲು ಬಿಟ್ಟು ಬೇರೇನೂ ಉಳಿದಿಲ್ಲ, ಗ್ಲೆಂಡಲಾಕ್‌ನಲ್ಲಿ ಜನ ನೆರೆಯುತ್ತಾರೆ. ಈ ಜೋಡಿಗಳಲ್ಲಿ ಒಂದೇ ದಿನ ನೋಡಬಹುದಾದ್ದು ಇದು:

ಗರ್ವದ ಕೋಟೆ ಆಲಿನ್
ಕಾದುವ ಪಡೆಯೊಡನೆ ಮಣ್ಣಾಯಿತು;
ಗೆದ್ದ ಬ್ರಿಜಿತಳೇ ದೊಡ್ಡವಳು,
ಜನ ಸೇರುವ ಅವಳ ನೆಲ ಚೆಂದ.

ಕೊನೆಯ ಸಾಲಿನ ನೆಲಕ್ಕೆ ಮೂಲದಲ್ಲಿ 'ರೂಯವ್' ಅನ್ನುವ ಪದ ಇದೆ. ರೋಮ್ ನಗರದ ಹೆಸರೇ ಐರಿಷ್‌ನಲ್ಲಿ ಹೀಗಾಗಿ, ಪುಣ್ಯವಂತರನ್ನು ಹೂಳುವ ಜಾಗ ಅಂತ ಅರ್ಥ ಪಡೆದದ್ದು. ನಮ್ಮಲ್ಲಿ ಊರೂರಿಗೆ ದಕ್ಷಿಣ ಕಾಶಿ ಇಲ್ವಾ, ಹಾಗೆ.

ಬ್ರಿಜಿತಳ ನೆಲ ಅಂದರೆ ಕಿಲ್ಡೇರ್, ಪುಟ್ಟ ಊರು. ನಡುವೆ ಸೇಂಟ್ ಬ್ರಿಜಿಡ್ ಕ್ಯಾಥೆಡ್ರಲ್, ಪಕ್ಕದಲ್ಲಿ ಸುಮಾರು 33 ಮೀಟರ್ ಎತ್ತರದ ಉರುಟು ಗೋಪುರ. ಬಾಗಿಲು ನೆಲದಿಂದ ಬಹಳ ಮೇಲೆ. ಒಳಗೆ ಕಡಿದಾದ ಏಣಿಗಳು. ಮಗಳು ಹತ್ತಿದಳು, ನಾನು ಎರಡನೇ ಏಣಿಯಲ್ಲೇ ರಾಜಿ ಮಾಡಿಕೊಂಡು ಇಳಿದೆ. ಅಂಗಳದಲ್ಲಿ ಬೆಂಕಿಮನೆಯದು ಅನ್ನುವ ಕಲ್ಲಿನ ಅಡಿಪಾಯ ಇದೆ. ಬ್ರಿಜಿತಳ ಸನ್ಯಾಸಿನಿಯರು ಅಲ್ಲಿ ಆರದ ಬೆಂಕಿ ಕಾಯುತ್ತಿದ್ದರು. ಎಂದೋ ಆರಿಹೋದ ಆ ಬೆಂಕಿಯನ್ನು 1993ರಲ್ಲಿ ಮತ್ತೆ ಹಚ್ಚಿದ್ದಾರೆ. ನಂದಾದೀಪ ಅಂದರೆ ನಮಗೆ ಬಿಡಿಸಿ ಹೇಳಬೇಕಾಗಿಲ್ಲ. ನನ್ನಾಕೆ ಇಲ್ಲೇ ಅರ್ಧ ಗಂಟೆ ಕೂತಳು. ಇಡೀ ಪ್ರವಾಸದಲ್ಲಿ ಅವಳಿಗೆ ಸರಿ ಅನ್ನಿಸಿದ ಜಾಗ ಇದೊಂದೇ.

ಮಧ್ಯಾಹ್ನ ಆಲಿನ್ ಕೋಟೆ, ಅಂದರೆ ಡೂನ್ ಆಲಿನ್ಯ ಕಡೆ ಹೊರಟೆವು. ಕಿಲ್‌ಕಲನ್ ಹತ್ತಿರ, ನಾಕಾಲಿನ್ ಅನ್ನುವ ಗುಡ್ಡ. ಲೆನ್‌ಸ್ಟರ್ ನಾಡಿನ ದೊರೆಗಳ ಪೀಠ ಇದ್ದದ್ದು ಇಲ್ಲಿ. 1968ರಿಂದ 1975ರವರೆಗೆ ಪೆನ್ಸಿಲ್ವೇನಿಯ ವಿಶ್ವವಿದ್ಯಾಲಯದ ಬರ್ನಾರ್ಡ್ ವೇಲ್ಸ್ ಅಗೆದು ನೋಡಿದಾಗ ಮರದ ದೊಡ್ಡ ದೊಡ್ಡ ವೃತ್ತಾಕಾರದ ಕಟ್ಟಡಗಳ ಗುರುತು ಸಿಕ್ಕಿತು. ಓಯಿಂಗಸ್‌ನ ಕಾಲಕ್ಕೇ ಅದು ಪಾಳು. ಅವನು ಹಾಡಿದ ಮಠಗಳಾದರೂ ಸುಖವಾಗಿ ಇರಲಿಲ್ಲ, 795ರಲ್ಲೇ ಲೂಟಿಕೋರ ವೈಕಿಂಗರ ಹಡಗು ಕರಾವಳಿಗೆ ಬಂದಾಗಿತ್ತು.

ರಸ್ತೆಯಿಂದ ಕಾಣುವುದು ಹಸಿರು ಗುಡ್ಡ, ತುದಿಯ ಸುತ್ತ ಏರಿ ಹಾಕಿದ ಹಾಗೆ ಒಂದು ಮಣ್ಣಿನ ಗೆರೆ, ಕುರಿಗಳು. ಕಬ್ಬಿಣದ ಗೇಟಿಗೆ ಸರಪಳಿ ಸುತ್ತಿತ್ತು. ಗುಡ್ಡ ಖಾಸಗಿಯವರ ಹುಲ್ಲುಗಾವಲು. ಗೇಟಿನ ಪಕ್ಕ ಬೇಲಿಯಲ್ಲಿ ಹುಲ್ಲು ಸವೆದ ಒಂದು ಸಣ್ಣ ಜಾಡು ಒಳಗೆ ಹೋಗುತ್ತಿತ್ತು. ನಾನು ಬಗ್ಗಿ ಅದನ್ನೇ ನೋಡುತ್ತಾ ನಿಂತೆ. ಕುರಿ ನಡೆದದ್ದೋ, ಜನ ನಡೆದದ್ದೋ? ಜನವೇ ಆದರೆ ಎಷ್ಟು ವರ್ಷದಿಂದ? ಸ್ಟೋಕ್ಸರ ಕಾಯ್ದೆಯ 15ನೇ ಕಲಮಿನಲ್ಲಿ 20 ವರ್ಷ ತಡೆಯಿಲ್ಲದೆ ಹಕ್ಕಿನಿಂದ ನಡೆದರೆ ದಾರಿ ಅವರದಾಗುತ್ತದೆ ಅಂತಿದೆ.

"ರೀ," ಅಂದಳು ನನ್ನಾಕೆ ಕಾರಿನ ಕಿಟಕಿ ಇಳಿಸಿ, "ಇಲ್ಲೂ ದಾರಿ ಕೇಸಾ? ಬನ್ನಿ, ಮಳೆ ಬಂತು."